ಸುಣ್ಣ ಬಳಿದ ಅಡುಗೆಮನೆ

ಆ ದಿನ ಬೆಳಿಗ್ಗೆಯೂ ನಾನು ಎಂದಿನಂತೆ ಮೊದಲು ಪಂಪ್ ಸ್ಟೌವ್ ಹೊತ್ತಿಸಿ ಹಾಲು ಕಾಯಲಿಟ್ಟೆ. ತಿಪಟೂರಿನ ನಮ್ಮ ಬಾಡಿಗೆ ಮನೆ ರೈಲ್ವೆ ಸ್ಟೇಷನ್ನಿನ ಹಿಂದಿನ ಬೀದಿಯಲ್ಲಿತ್ತು. ಅರಸೀಕೆರೆ ಕಡೆಯ ಗಾಡಿ ಹೋಗುವಾಗ ಗೂಡಿನಲ್ಲಿದ್ದ ಲೋಟಗಳು ಸಣ್ಣಗೆ ಸದ್ದು ಮಾಡುತ್ತಿದ್ದವು. ಆ ಸದ್ದಿಗೆ ಸರಿಯಾಗಿ ಫಿಲ್ಟರಿಗೆ ಬಿಸಿನೀರು ಹಾಕಿದರೆ, ಬಾಗಿಲಿಗೆ ನೀರು ಚಿಮುಕಿಸಿ ರಂಗೋಲಿ ಎಳೆದು ಬರುವಷ್ಟರಲ್ಲಿ ಡಿಕಾಕ್ಷನ್ ಇಳಿದಿರುತ್ತಿತ್ತು.

ಇವರು ಆಗಲೇ ಸ್ನಾನ ಮುಗಿಸಿ, ಅಡುಗೆಮನೆಯ ನೆಲದ ಮೇಲೆ ಚಾಪೆ ಹಾಸಿಕೊಂಡು ಕರಿ ಚೀಲ ಮುಂದಿಟ್ಟುಕೊಂಡು ಕೂತಿದ್ದರು. ಕ್ಯಾಮೆರಾಕ್ಕೆ ಫಿಲ್ಮ್ ತುಂಬುವ ಚೀಲ ಅದು. ದಪ್ಪ ಕರಿಬಟ್ಟೆಯ ಎರಡು ಪದರ, ಅಂಗಿಗಿರುವಂತೆ ಎರಡು ತೋಳು. ತೋಳುಗಳೊಳಗೆ ಕೈ ತೂರಿಸಿ, ಬೆಳಕು ತಾಗದ ಹಾಗೆ ಒಳಗೇ ಡಬ್ಬಿ ತೆರೆದು ಫಿಲ್ಮನ್ನು ಕ್ಯಾಮೆರಾದ ಮೇಲೆ ಕೂರುವ ಪೆಟ್ಟಿಗೆಗೆ ಸೇರಿಸಬೇಕು. ಹಿಂದಿನ ಸಂಜೆಯೇ ಚೀಲವನ್ನು ತಿರುವಿಹಾಕಿ ಒದ್ದೆಬಟ್ಟೆಯಲ್ಲಿ ಒರೆಸಿ ಒಣಗಿಸಿಡುವುದು ನನ್ನ ಪಾಲಿನ ಕೆಲಸ. ಒಳಗೆ ಒಂದು ಕಣ ಧೂಳಿದ್ದರೂ ಪರದೆಯ ಮೇಲೆ ಕಡ್ಡಿ ಬಿದ್ದಂತೆ ಕಾಣುತ್ತದಂತೆ. ಫಿಲ್ಮ್ ತುಂಬುವಾಗ ಇವರು ಕಣ್ಣು ಮುಚ್ಚಿಕೊಳ್ಳುತ್ತಿದ್ದರು. ಬೆರಳಿಗೇ ಕಣ್ಣು ಬರಲಿ ಅಂತ. ಆಗ ಮಾತಾಡಿಸಬಾರದು. ನಾನು ಕಾಫಿ ಲೋಟದ ಮೇಲೆ ತಟ್ಟೆ ಮುಚ್ಚಿಟ್ಟು ಸುಮ್ಮನೆ ನಿಂತೆ. ಚೀಲದೊಳಗೆ ಪೆಟ್ಟಿಗೆಯ ಬಾಗಿಲು ಮುಚ್ಚಿದ ಸದ್ದು ಕೇಳಿದ ಮೇಲೆಯೇ ಇವರು ಉಸಿರು ಬಿಟ್ಟರು.

"ಇದೇ ಕೊನೇದು," ಅಂದರು.

ಕೊನೆಯ ರೋಲು. ನಾನೂರು ಅಡಿ, ಓಡಿಸಿದರೆ ನಾಲ್ಕೂವರೆ ನಿಮಿಷ. ಆ ದಿನಗಳಲ್ಲಿ ಕಚ್ಚಾ ಫಿಲ್ಮ್ ಬೇಕೆಂದಾಗ ಸಿಗುವ ವಸ್ತುವಾಗಿರಲಿಲ್ಲ. ಪರ್ಮಿಟ್ಟಿಗೆ ಅರ್ಜಿ ಹಾಕಿ ತಿಂಗಳುಗಟ್ಟಲೆ ಕಾಯಬೇಕಿತ್ತು. ಅದೂ ದೊಡ್ಡ ಕಂಪನಿಗಳಿಗೆ ಸಿಕ್ಕಿ ಮಿಕ್ಕಿದ್ದು ನಮ್ಮಂಥವರಿಗೆ. ಇವರು ಬೆಂಗಳೂರಿನಲ್ಲಿ ಛಾಯಾಗ್ರಹಣದ ಡಿಪ್ಲೊಮಾ ಮಾಡಿ, ಮದ್ರಾಸಿನಲ್ಲಿ ಬೇರೆಯವರ ಕೈಕೆಳಗೆ ಟೇಪು ಹಿಡಿದು ದೂರ ಅಳೆಯುತ್ತಲೇ ತಲೆಯಲ್ಲಿ ಬಿಳಿಕೂದಲು ಕಂಡವರು. ಸ್ವಂತ ಹೆಸರಿನಲ್ಲಿ ಕ್ಯಾಮೆರಾ ಹಿಡಿದ ಮೊದಲ ಚಿತ್ರ ಇದು. ನಾಲ್ಕು ಜನ ಸ್ನೇಹಿತರು ಸೇರಿ ಮಾಡುತ್ತಿದ್ದ ಕಪ್ಪುಬಿಳುಪಿನ ಸಣ್ಣ ಚಿತ್ರ. ಹಾಡಿಲ್ಲ, ಹೊಡೆದಾಟವಿಲ್ಲ. ಎಲ್ಲ ಮುಗಿದು ಒಂದೇ ಒಂದು ದೃಶ್ಯದ ಅರ್ಧ ಉಳಿದಿತ್ತು. ಅದು ಆ ದಿನವೇ ಮುಗಿಯಲೇಬೇಕಿತ್ತು. ನಾಟಕ ಕಂಪನಿಯಿಂದ ಎರವಲು ಬಂದ ನಟಿ ಆ ಸಂಜೆಯ ಗಾಡಿಗೆ ಹೊರಟುಬಿಟ್ಟರೆ ಮತ್ತೆ ಆಕೆಗೆ ಈ ಕಡೆ ಬರಲು ಬಿಡುವಾಗುವುದು ಮಳೆಗಾಲ ಕಳೆದ ಮೇಲೆ. ಅಷ್ಟು ದಿನ ಕಾಯಲು ಉಳಿದವರು ತಯಾರಿರಲಿಲ್ಲ. ಇಲ್ಲಿ ಆಗದಿದ್ದರೆ ಮಿಕ್ಕಿದ್ದನ್ನು ಮದ್ರಾಸಿನ ಸ್ಟುಡಿಯೋದಲ್ಲಿ ಮುಗಿಸುವುದು, ಅಲ್ಲಿಯ ಕ್ಯಾಮೆರಾಮನ್ನೇ ಮಾಡುವುದು ಅಂತ ಮಾತಾಗಿತ್ತು. ಇದನ್ನು ನಿರ್ದೇಶಕರು ಹಿಂದಿನ ವಾರ ನಮ್ಮ ಮನೆಯ ಚಾಪೆಯ ಮೇಲೆ ಕೂತು, ಉಪ್ಪಿಟ್ಟು ತಿನ್ನುತ್ತಾ, ತಟ್ಟೆಯನ್ನೇ ನೋಡುತ್ತಾ ಹೇಳಿದ್ದರು.

ಉಳಿದಿದ್ದ ದೃಶ್ಯ ನಮ್ಮತ್ತೆಯ ಅಡುಗೆಮನೆಯದು.

ತುರುವೇಕೆರೆಯಿಂದ ಮಾಯಸಂದ್ರದ ಕಡೆ ಹೋಗುವ ದಾರಿಯಲ್ಲಿ, ರಸ್ತೆಯಿಂದ ಒಳಗೆ ತೋಟಗಳ ನಡುವೆ ಇರುವ ಊರು ನಮ್ಮತ್ತೆಯದು. ಮದುವೆಯಾಗಿ ಹೋದ ಮೊದಲ ದಿನ ಆ ಅಡುಗೆಮನೆಯ ಬಾಗಿಲಲ್ಲಿ ನಾನು ಹೆದರಿ ನಿಂತಿದ್ದೆ. ನಾನು ಓದಿದ್ದು ಹಾಸನದ ಕಾನ್ವೆಂಟಿನಲ್ಲಿ. ಅಲ್ಲಿ ಗೋಡೆ, ಕರ್ಟನ್ನು, ಸಿಸ್ಟರ್‌ಗಳ ಉಡುಪು ಎಲ್ಲವೂ ಬಿಳಿ. ಉಗುರಿನಲ್ಲಿ ಕಪ್ಪು ಕಂಡರೆ ಸ್ಕೇಲಿನಿಂದ ಮೆಲ್ಲಗೆ ಒಂದು ಏಟು. ಇಲ್ಲಿ ನೋಡಿದರೆ ಗೋಡೆ, ತೊಲೆ, ಮೇಲಿನ ಕೊಬ್ಬರಿ ಅಟ್ಟದ ಬಿದಿರು, ಎಲ್ಲ ಇದ್ದಿಲಿಗಿಂತ ಕಪ್ಪು. ವರ್ಷವಿಡೀ ತೆಂಗಿನ ಮಟ್ಟೆ, ಚಿಪ್ಪು, ಗರಿಯ ಹೊಗೆ ಕುಡಿದ ಮನೆ. ಕೈ ತಾಗಿದರೆ ಜಿಡ್ಡು ಜಿಡ್ಡು ಮಸಿ. ಕಪ್ಪೆಂದರೆ ಕೊಳೆ ಎಂದೇ ತಿಳಿದಿದ್ದ ನನಗೆ ಒಳಗೆ ಕಾಲಿಡಲು ಮನಸ್ಸಾಗಲಿಲ್ಲ.

ಆ ಕಪ್ಪನ್ನು ನೋಡುವುದು ಕಲಿಸಿದವರು ಇವರು. ಕೊರಳಲ್ಲಿ ದಾರಕ್ಕೆ ಕಟ್ಟಿದ ಒಂದು ಕಂದುಗಾಜು ಸದಾ ನೇತಾಡುತ್ತಿತ್ತು. ಅದರಲ್ಲಿ ನೋಡಿದರೆ ಬಣ್ಣ ಅಳಿದು ಬೆಳಕು ನೆರಳು ಮಾತ್ರ ಉಳಿಯುತ್ತದೆ. ಒಂದು ಮಧ್ಯಾಹ್ನ ಅದನ್ನು ನನ್ನ ಕಣ್ಣಿಗೆ ಹಿಡಿದು, "ಈಗ ನೋಡು" ಅಂದರು. ಸೂರಿನ ಗಾಜಿನ ಹೆಂಚಿನಿಂದ ಒಂದು ಬೆಳಕಿನ ಕೋಲು ಇಳಿದಿತ್ತು. ಅತ್ತೆ ಅದರ ಪಕ್ಕ ಕೂತು ಮಜ್ಜಿಗೆ ಕಡೆಯುತ್ತಿದ್ದರು. ಅವರ ಕೆನ್ನೆಯ ಒಂದು ಕಡೆ, ಮೂಗಿನ ತುದಿ, ಕೈಬಳೆ, ಇಷ್ಟೇ ಕಾಣುತ್ತಿದ್ದವು. ಮಿಕ್ಕಿದ್ದೆಲ್ಲ ಕತ್ತಲು. ನಾನು ಅತ್ತೆಯನ್ನು ಅಲ್ಲಿಯವರೆಗೆ ಅಷ್ಟು ಸರಿಯಾಗಿ ನೋಡಿರಲೇ ಇಲ್ಲ. "ಗೋಡೆ ಕಪ್ಪಿದ್ದರೆ ಬೆಳಕು ಬಿದ್ದಲ್ಲೇ ನಿಲ್ಲುತ್ತೆ. ಬಿಳೀ ಗೋಡೆ ಬೆಳಕನ್ನ ವಾಪಸ್ ಎಸೆಯುತ್ತೆ, ನೆರಳು ಉಳಿಯಲ್ಲ," ಅಂದರು ಇವರು. ಈ ಚಿತ್ರವನ್ನು ಒಪ್ಪಿಕೊಂಡಾಗ ಇವರು ಹಾಕಿದ ಷರತ್ತು ಒಂದೇ. ಅಡುಗೆಮನೆ ದೃಶ್ಯ ನಮ್ಮ ಮನೆಯಲ್ಲೇ ಆಗಬೇಕು.

ಎರಡು ತಿಂಗಳ ಹಿಂದೆ ಅರ್ಧ ಆಗಿತ್ತು. ನಟಿ ಒಲೆಯ ಮುಂದಿನಿಂದ ಎದ್ದು, ಗೋಡೆಯ ಗೂಡಿನಲ್ಲಿರುವ ಮಡಕೆಯ ಕಡೆ ಕೈ ಚಾಚುವವರೆಗೆ. ಆ ಹೊತ್ತಿಗೆ ಮೋಡ ಕವಿದು ಬೆಳಕು ಹೋಗಿತ್ತು. ಆಮೇಲೆ ಫಿಲ್ಮ್ ಇರಲಿಲ್ಲ. ಇನ್ನು ಉಳಿದದ್ದು, ಮಡಕೆ ಬೀಳಿಸಿ, ಬೆಳಕಿನ ಕೋಲು ದಾಟಿ, ಬಾಗಿಲವರೆಗೆ ಆಕೆ ನಡೆಯುವುದು. ಒಂದೇ ಉಸಿರಿನಲ್ಲಿ ತೆಗೆಯಬೇಕಾದ ಷಾಟ್ ಅದು. ಆ ನಡಿಗೆಗಾಗಿಯೇ ಇಡೀ ಕಥೆ ಎಂದು ನಿರ್ದೇಶಕರು ಹೇಳುತ್ತಿದ್ದರು.

ಹೀಗೆ ನಾವು, ಒಂದು ಬಾಡಿಗೆ ವ್ಯಾನಿನಲ್ಲಿ, ನಿರ್ದೇಶಕರು, ನಟಿ, ಇವರು, ನಾನು ಹೊರಟೆವು. ಕ್ಯಾಮೆರಾ ಪೆಟ್ಟಿಗೆ ಇವರ ತೊಡೆಯ ಮೇಲೆ. ದಾರಿಯುದ್ದಕ್ಕೂ ಇವರು ಆಕಾಶ ನೋಡುತ್ತಿದ್ದರು. ಚೊಕ್ಕ ಬಿಸಿಲು. ನಟಿಯೂ ನಗುತ್ತಾ, "ಇವತ್ತು ನಿಮ್ಮ ದಿನ ಕಣ್ರೀ," ಅಂದರು. ಇವರೂ ನಕ್ಕರು. ಆ ದಿನ ನಾನು ಇವರ ನಗು ಕಂಡಿದ್ದು ಅದೊಂದೇ ಸಲ.

ಅತ್ತೆ ಬಾಗಿಲಲ್ಲೇ ಕಾದಿದ್ದರು. ಹಸಿರು ಅಂಚಿನ ಹೊಸ ಸೀರೆ. ಕಣ್ಣಿನ ಕೆಳಗೆ, ಕಿವಿಯ ಹಿಂದೆ ಬಿಳಿ ಚುಕ್ಕಿಗಳು ಇದ್ದವು. ನಾನು ವಿಭೂತಿ ಇರಬೇಕು ಅಂದುಕೊಂಡೆ. ಅಂಗಳದಲ್ಲಿ ಒಂದು ಮಣ್ಣಿನ ಬಾನಿ ಬೋರಲು ಹಾಕಿತ್ತು. ಅದರ ಪಕ್ಕ ತೆಂಗಿನ ನಾರಿನ ಕುಂಚ ತೊಳೆದು ಒಣಗಲಿಟ್ಟಿತ್ತು. ಅದನ್ನು ನೋಡಿಯೂ ನನಗೆ ಹೊಳೆಯಲಿಲ್ಲ.

"ಬನ್ನಿ ಬನ್ನಿ, ಒಳೀಕ್ ಬನ್ನಿ," ಅಂದ ಅತ್ತೆ ಮಗನ ಕೈ ಹಿಡಿದು ನಡುಮನೆ ದಾಟಿಸಿ ಅಡುಗೆಮನೆಯ ಬಾಗಿಲಿಗೆ ತಂದು ನಿಲ್ಲಿಸಿದರು. "ನೋಡ್ಲಾ ಮಗ, ಹೆಂಗೈತೆ?"

ಅಡುಗೆಮನೆ ಹಾಲಿನ ಹಾಗೆ ಬೆಳ್ಳಗಿತ್ತು.

ಮೂರು ಸಾರಿ ಬಳಿದ ಸುಣ್ಣ, ನೀಲಿ ಹಾಕಿ ಕದಡಿದ್ದು. ಕೆಳಗೆ ಗೇಣಗಲ ಕೆಮ್ಮಣ್ಣಿನ ಪಟ್ಟಿ. ಗೂಡುಗಳ ಸುತ್ತ ಕೆಮ್ಮಣ್ಣಿನದೇ ಸಣ್ಣ ಬಳ್ಳಿ. ಒಲೆಯ ಮೇಲೂ ರಂಗೋಲಿ. ಗಾಜಿನ ಹೆಂಚಿನ ಬೆಳಕು ಇನ್ನೂ ಗೋಡೆಯ ಮೇಲ್ಭಾಗದಲ್ಲಿತ್ತು, ಆದರೆ ಇಡೀ ಕೋಣೆ ಆಗಲೇ ಝಗ್ ಅನ್ನುತ್ತಿತ್ತು. ಮೂಲೆಯಲ್ಲಿದ್ದ ಮೊರದ ಹೆಣಿಗೆಯನ್ನೂ ಎಣಿಸಬಹುದಿತ್ತು.

ಇವರು ಜೇಬಿನಿಂದ ಬೆಳಕು ಅಳೆಯುವ ಮೀಟರು ತೆಗೆದು ಗೂಡಿನ ಹತ್ತಿರ ಹಿಡಿದರು. ಆಮೇಲೆ ಎದುರು ಮೂಲೆಗೆ ಹೋಗಿ ಹಿಡಿದರು. ಮತ್ತೆ ಗೂಡಿನ ಹತ್ತಿರ ಬಂದರು. ಮುಳ್ಳು ಅಲ್ಲೂ ಇಲ್ಲೂ ಹೆಚ್ಚುಕಮ್ಮಿ ಒಂದೇ ಕಡೆ ನಿಂತಿರಬೇಕು. ಮೀಟರನ್ನು ಒತ್ತಿ ಹಿಡಿದ ಇವರ ಹೆಬ್ಬೆರಳು ಬೆಳ್ಳಗಾಗಿದ್ದನ್ನು ನೋಡಿದೆ.

ನಿರ್ದೇಶಕರು ಬಾಗಿಲಿಗೆ ಬಂದು ನಿಂತವರೇ, "ಅಯ್ಯೋ ಅಮ್ಮಾ! ಏನ್ ಮಾಡಿಬಿಟ್ರಿ!" ಅಂದರು.

"ಯಾಕಪ್ಪ? ಕೆಳಗ್ಲ ಕೇರಿ ಹೆಂಗಸ್ರನ್ನ ಕರ್ಕಂಡು ಎಳ್ಡ್ ದಿನ ಮಾಡಿದೀನಿ. ಹೋದ್ಸಲ ನೀವು ಬಂದಾಗ ಹೇಳ್ದೆ ಕೇಳ್ದೆ ಬಂದ್ರಿ, ಮಸಿ ಹಿಡ್ದ ಮನೇನೇ ಹಿಡ್ಕಂಡು ಹೋದ್ರಿ. ನಾಳೀಕೆ ದಂಡಿನಶಿವರದ ಬೀಗರು ಟೆಂಟಲ್ಲಿ ಸಿನಿಮಾ ನೋಡಿ, ಆ ವಮ್ಮ ಸುಣ್ಣ ಕಾಣದ ಮನೇಲಿ ಬಾಳ್ತಾವ್ಳೆ ಅನ್ನಲ್ವಾ? ಇಂಥಾ ದೊಡ್ಡೋರು ಮನೆ ಬಾಗ್ಲಿಗೆ ಬತ್ತಾರೆ, ಗೋಡೆಗೊಂದು ಸುಣ್ಣ ತೋರ್ಸದೆ ಕರೆಯೋಕಾಯ್ತದಾ?"

ನಮ್ಮ ಕಡೆ ಅದೇ ಪದ್ಧತಿ. ಮದುವೆಯಾಗಲಿ, ಹಬ್ಬವಾಗಲಿ, ಮೊದಲು ಗೋಡೆಗೆ ಸುಣ್ಣ. ಸುಣ್ಣ ಕಾಣದ ಮನೆಗೆ ಅತಿಥಿಯನ್ನು ಕರೆದರೆ ಅತಿಥಿಗೂ ಅವಮಾನ, ಮನೆಯೊಡತಿಗೂ ಅವಮಾನ. ಗೋಡೆ ಮುಟ್ಟಬೇಡಿ ಎಂದು ಹೇಳಿಡಬೇಕು ಎಂಬುದು ನಮ್ಮಲ್ಲಿ ಯಾರಿಗೂ ತೋಚಿರಲಿಲ್ಲ. ಮಸಿಯನ್ನೇ ಬಯಸಿ ಜನ ಬರುತ್ತಾರೆ ಎಂದು ಅತ್ತೆ ಹೇಗೆ ತಾನೆ ಊಹಿಸಬೇಕಿತ್ತು?

"ಹಂಗೇ ತೆಗೆದರೆ ಏನಾಗುತ್ತೆ?" ಅಂತ ನಟಿ ಮೆಲ್ಲಗೆ ಕೇಳಿದರು.

"ನೀವು ಕಪ್ಪು ಗೋಡೆ ಕಡೆ ಕೈ ಚಾಚಿದೀರಿ. ಮಡಕೆ ಮುಟ್ಟೋ ಹೊತ್ತಿಗೆ ಗೋಡೆ ಬಿಳಿಯಾಗಿರುತ್ತೆ," ಅಂದರು ಇವರು. ದನಿ ಏರಲಿಲ್ಲ. "ಜನ ನಗ್ತಾರೆ."

ಅತ್ತೆಯ ಮುಖ ನಾನು ನೋಡಿದೆ. ಮಗ ಬೈಯಲಿ ಅಂತ ಅವರು ಕಾಯುತ್ತಿದ್ದರು. ಬೈದಿದ್ದರೆ ಅವರೂ ನಾಲ್ಕು ಮಾತು ಆಡಿ ಹಗುರಾಗುತ್ತಿದ್ದರು. ಇವರು ಬೈಯಲಿಲ್ಲ. ಪಂಚೆ ಮೇಲಕ್ಕೆ ಕಟ್ಟಿ, "ಅವ್ವಾ, ಇದ್ದಿಲು ಎಲ್ಲೈತೆ?" ಅಂದರು.

ಬೆಳಕಿನ ಕೋಲು ಗೂಡಿನ ಮುಂದಿನ ನೆಲಕ್ಕೆ ಬರುವುದು ಹತ್ತೂವರೆ ದಾಟಿದ ಮೇಲೆ. ಹನ್ನೆರಡರ ಹೊತ್ತಿಗೆ ಅದು ಒಲೆಯ ಕಡೆ ಸರಿದುಬಿಡುತ್ತದೆ. ಅಷ್ಟರೊಳಗೆ ಗೋಡೆ ಕಪ್ಪಾಗಬೇಕು. ಇದ್ದಿಲು ಕುಟ್ಟಿ, ರೊಟ್ಟಿ ಹಂಚಿನ ತಳದ ಮಸಿ ಕೆರೆದು, ಸೆಗಣಿಯಲ್ಲಿ ಕದಡಿದೆವು. ಸುಣ್ಣ ಬಳಿದ ಹೆಂಗಸರೇ ಮತ್ತೆ ಬಂದರು. ಒಬ್ಬಳು ಸೆರಗು ಬಾಯಿಗೆ ಅಡ್ಡ ಹಿಡಿದು, "ನೆನ್ನೆ ಬೆಳ್ಳಗ್ ಮಾಡ್ರೀ ಅಂದ್ರು, ಇವತ್ತು ಕಪ್ಪಗ್ ಮಾಡ್ರೀ ಅಂತಾರೆ. ನಾಳೀಕೆ ಯಾವ್ ಬಣ್ಣ ಕಣಕ್ಕ?" ಅಂದಳು. ಇನ್ನೊಬ್ಬಳು, "ಸುಮ್ಕಿರೇ, ಸಿನಿಮಾದೋರ ಮನೇಲಿ ಎಲ್ಲಾ ತಿರುಗಾ ಮುರುಗಾ," ಅಂದಳು. ನಾನೂ ಸೀರೆ ಎತ್ತಿ ಕಟ್ಟಿ ಬಳಿಯಲು ನಿಂತೆ. ಆ ಜಿಡ್ಡು ಸೆಗಣಿಗೆ ಕೈ ಹಾಕುವಾಗ ಈಗ ಅಸಹ್ಯವಾಗಲಿಲ್ಲ. ಬೇಗ ಬೇಗ ಅನ್ನುವುದೊಂದೇ ಮನಸ್ಸಿನಲ್ಲಿತ್ತು.

ಅತ್ತೆಯೂ ಹೊಸ ಸೀರೆಯಲ್ಲೇ ಬಂದು, ತಾವೇ ಬರೆದ ಕೆಮ್ಮಣ್ಣಿನ ಬಳ್ಳಿಯ ಮೇಲೆ ಅಂಗೈಯಿಂದ ಸೆಗಣಿ ಎಳೆದರು. ಸುಣ್ಣ ತಿಂದು ಬೆರಳ ಸಂದಿಯೆಲ್ಲ ಬಿರಿದಿತ್ತು. ಸೆಗಣಿ ತಾಗಿದಾಗ ತುಟಿ ಕಚ್ಚಿಕೊಂಡರು. "ಬುಡಿ ಅತ್ತೆ, ನಾವ್ ಮಾಡ್ತೀವಿ," ಅಂದೆ. "ನಾನೇನ್ ಕೆಟ್ಟದ್ ಮಾಡ್ದೆ ಹೇಳಮ್ಮ," ಅಂದರು, ನನ್ನನ್ನು ನೋಡದೆ. ನಾನು ಅವರ ಪಕ್ಕಕ್ಕೆ ಸರಿದು ಬಳಿಯತೊಡಗಿದೆ.

ಬಳಿದು ಮುಗಿಸಿದಾಗ ಗೋಡೆ ನನ್ನ ಕಣ್ಣಿಗೆ ಕಪ್ಪಾಗಿಯೇ ಕಂಡಿತು. ಇವರು ಕಂದುಗಾಜು ಕಣ್ಣಿಗೆ ಹಿಡಿದು ನೋಡಿದರು. ಹಾಗೇ ನನ್ನ ಕಡೆ ಚಾಚಿದರು. ನೋಡಿದೆ. ಒದ್ದೆ ಇದ್ದಲ್ಲೆಲ್ಲ ಗೋಡೆ ಹೊಳೆಯುತ್ತಿತ್ತು. ಒಣಗಿದಲ್ಲಿ ಕೆಳಗಿನ ಸುಣ್ಣ ಬೂದಿಯಾಗಿ ಮೇಲೆ ಬರುತ್ತಿತ್ತು. ಕುಂಚದ ಗೆರೆಗಳು ಎದ್ದೆದ್ದು ಕಾಣುತ್ತಿದ್ದವು. ಆ ಹಳೆಯ ಕಪ್ಪಿನ ಆಳ ಎಲ್ಲೂ ಇರಲಿಲ್ಲ.

"ಹೊಗೆ ಹಾಕೋಣ," ಅಂದರು ಇವರು.

ಹಸಿ ಮಟ್ಟೆ ತಂದು ಬಾಗಿಲು ಮುಚ್ಚಿ ಹೊಗೆ ಹಾಕಿದೆವು. ಗೋಡೆಗೆ ಏನೂ ಆಗಲಿಲ್ಲ. ನಾವೆಲ್ಲ ಕೆಮ್ಮಿ ಕಣ್ಣೀರು ಸುರಿಸುತ್ತಾ ಅಂಗಳಕ್ಕೆ ಬಂದೆವು. ನಟಿಯ ಕಣ್ಣು ಕೆಂಪಗಾಗಿ, ಹಚ್ಚಿದ ಕಾಡಿಗೆ ಇಳಿದಿತ್ತು. ಆಕೆ ಬಾವಿಕಟ್ಟೆಗೆ ಹೋಗಿ ಮುಖ ತೊಳೆದು ಬಂದರು. ನಿರ್ದೇಶಕರು ಗಡಿಯಾರ ನೋಡಿಕೊಳ್ಳುವುದನ್ನು ಇವರಿಗೆ ಕಾಣದ ಹಾಗೆ ಮಾಡುತ್ತಿದ್ದರು. ನನಗೆ ಕಾಣುತ್ತಿತ್ತು.

ಆಮೇಲೆ ಅತ್ತೆಗೇ ಹೊಳೆದದ್ದು ಕಂಬಳಿ. ಚಿಕ್ಕನಾಯಕನಹಳ್ಳಿ ಕಡೆಯ ಕರಿಕಂಬಳಿ ಊರಿನ ಮನೆಮನೆಯಲ್ಲೂ ಇತ್ತು. ಓಡಿಹೋಗಿ ಸಿಕ್ಕಷ್ಟನ್ನೂ ತಂದರು. ತೊಲೆಗೆ ಹಗ್ಗ ಕಟ್ಟಿ ಗೋಡೆಗೆ ಇಳಿಬಿಟ್ಟೆವು. ಕಂಬಳಿ ನಿಜವಾಗಿ ಕಪ್ಪು, ಬೆಳಕನ್ನು ಹೀರಿಕೊಂಡಿತು. ಇವರ ಮುಖದಲ್ಲಿ ಜೀವ ಬಂತು. ಆದರೆ ಗೂಡು ಕಂಬಳಿಯ ಹಿಂದೆ ಹೋಯಿತು. ಗೂಡು ತೋರಿಸಲು ಕಂಬಳಿ ಸರಿಸಿದರೆ ಅದರ ನೆರಿಗೆಗಳೂ ಅಂಚೂ ಕಾಣುತ್ತವೆ. ಬಾಗಿಲಿನವರೆಗೆ ನಡೆಯುವ ದಾರಿಯ ಗೋಡೆಗೆ ಕಂಬಳಿಯೇ ಸಾಲಲಿಲ್ಲ.

"ಮುಖ ಮಾತ್ರ ತೆಗೀತೀನಿ, ಹತ್ತಿರದಿಂದ," ಅಂದರು ಇವರು ನಿರ್ದೇಶಕರಿಗೆ. "ಮಡಕೆ ಬಿದ್ದ ಸದ್ದು ಆಮೇಲೆ ಸೇರಿಸಿಕೊಳ್ಳಿ. ಆ ಮುಖದಲ್ಲೇ ಎಲ್ಲ ಬರುತ್ತೆ."

"ನಡಿಗೆ?"

ಇವರು ಕ್ಯಾಮೆರಾಕ್ಕೆ ಮೂರುಕಾಲಿನ ಸ್ಟ್ಯಾಂಡು ಹಾಕತೊಡಗಿದರು.

ಅಷ್ಟರಲ್ಲಿ ಬೆಳಕಿನ ಕೋಲು ಗೂಡಿನ ಮುಂದಿನ ಜಾಗ ಬಿಟ್ಟು ಸರಿದಿತ್ತು. ನಾನು ನೆಲದ ಮೇಲೆ ಅದರ ಅಂಚನ್ನೇ ನೋಡುತ್ತಿದ್ದೆ. ರುಬ್ಬುಕಲ್ಲನ್ನು ಮುಟ್ಟಿತು, ಹತ್ತಿತು, ದಾಟಿತು. ಅದನ್ನು ಹಿಡಿದು ನಿಲ್ಲಿಸಲು ಏನಾದರೂ ಇದ್ದಿದ್ದರೆ! ಅತ್ತೆಯ ಮದುವೆಯ ನಿಲುವುಗನ್ನಡಿ ಕಿತ್ತು ಅಂಗಳಕ್ಕೆ ಒಯ್ದು, ಬಿಸಿಲನ್ನು ಕಿಟಕಿಯಿಂದ ಒಳಗೆ ತಿರುಗಿಸುವುದಾಯಿತು. ಕನ್ನಡಿ ಹಿಡಿದು ನಿಂತವಳು ನಾನೇ. ಒಳಗಿನಿಂದ ಇವರ ದನಿ ಮಾತ್ರ ಕೇಳುತ್ತಿತ್ತು. "ಸ್ವಲ್ಪ ಮೇಲೆ. ಎಡಕ್ಕೆ. ನಡುಗಬೇಡ. ನಡುಗಬೇಡ." ನಾನು ಗಲ್ಲವನ್ನು ಕನ್ನಡಿಯ ಚೌಕಟ್ಟಿಗೆ ಒತ್ತಿ ಉಸಿರು ಹಿಡಿದೆ. ಒಳಗೆ ಕ್ಯಾಮೆರಾ ಓಡುವ ಸದ್ದು ಬಂತು. ನಿಂತಿತು. ಮತ್ತೆ ಓಡಿತು. ಒಂದು ತೆಳುಮೋಡ ಬಂದು ಕನ್ನಡಿ ಸಪ್ಪೆಯಾಯಿತು. ಅದು ಹೋಗಲಿ ಎಂದು ಕಾದೆವು. ಮೋಡದ ಹಿಂದೆ ಮೋಡ. ಕಾದು ಕಾದು ಕೊನೆಗೆ ಇದ್ದ ಬೆಳಕಿನಲ್ಲೇ ಓಡಿಸಿದರು. ಕೊನೆಗೆ ಸದ್ದಿನ ಲಯ ಬದಲಾಗಿ ಬರೀ ಖಾಲಿ ಪಟಪಟ ಕೇಳಿತು. ಫಿಲ್ಮ್ ಮುಗಿದಾಗ ಬರುವ ಸದ್ದು ಅದು. ನನಗೆ ಗೊತ್ತಿತ್ತು.

ಊಟಕ್ಕೆ ಅತ್ತೆ ಒಬ್ಬಟ್ಟು ಮಾಡಿದ್ದರು. ನಟಿ ಬಡಿಸಿದ ಎರಡನ್ನೂ ಪೂರ್ತಿ ತಿಂದರು, ಮೂರನೆಯದು ಹಾಕಿಸಿಕೊಂಡರು. ಅತ್ತೆಗಾಗಿಯೇ ತಿಂದರೆಂದು ನನಗೆ ಅನ್ನಿಸಿತು. ಇವರು ಎಲೆಯ ಮುಂದೆ ಕೂತು ಕೈಯ ಸೆಗಣಿ ಹೋಗಿಲ್ಲವೆಂದು ಮತ್ತೆ ಎದ್ದು ಹೋಗಿ ತೊಳೆದರು. ಬಂದು ಕೂತು ಮತ್ತೆ ಎದ್ದರು.

ಹೊರಡುವ ಮುಂಚೆ ನಿರ್ದೇಶಕರು ಇವರನ್ನು ಅಂಗಳದ ಹುಣಸೆಮರದ ಹತ್ತಿರ ಕರೆದುಕೊಂಡು ಹೋದರು. ನಾನು ಬಾನಿ ತೊಳೆಯುವ ನೆಪದಲ್ಲಿ ಅಲ್ಲೇ ಇದ್ದೆ.

"ನೀವು ಮಾಡಿದ್ದಕ್ಕಿಂತ ಹೆಚ್ಚು ಇನ್ಯಾರೂ ಮಾಡೋಕಾಗ್ತಿರಲಿಲ್ಲ."

"ಮುಖ ಚೆನ್ನಾಗಿ ಬಂದಿದೆ," ಅಂದರು ಇವರು.

"ಬಂದಿರುತ್ತೆ. ಆದರೆ ಆಕೆ ಆ ಮನೆಯಿಂದ ಆಚೆ ಹೋಗೋದು ಕಾಣಬೇಕಲ್ವಾ? ಅದಿಲ್ಲದೆ ಹೆಂಗೆ ಮುಗಿಸ್ಲಿ?" ನಿರ್ದೇಶಕರು ಇವರ ಹೆಗಲ ಮೇಲೆ ಕೈಯಿಟ್ಟರು. "ಆ ಗೋಡೆ ಮದ್ರಾಸಿನ ಸ್ಟುಡಿಯೋದಲ್ಲಿ ಕಟ್ಟಿಸ್ತಾರೆ. ಅವರ ಫಿಲ್ಮು, ಅವರ ಸೆಟ್ಟು, ಅವರ ಲೈಟು, ಅವರದೇ ಮನುಷ್ಯ. ಸೆಟ್ಟು ಎದ್ದ ಮೇಲೆ ಆಕೆ ನಾಟಕದವರನ್ನ ಕೇಳ್ಕೊಂಡು ಹೇಗೋ ಎರಡು ದಿನ ಬಿಡುವು ಮಾಡ್ಕೊಂಡು ನೇರ ಅಲ್ಲಿಗೇ ಬರ್ತಾರೆ. ಸ್ಟುಡಿಯೋದವರ ಷರತ್ತು ಏನಂದ್ರೆ, ಛಾಯಾಗ್ರಹಣ ಅಂತ ಅವರ ಕ್ಯಾಮೆರಾಮನ್ ಹೆಸರು ಮೊದಲು ಬರಬೇಕು. ನಿಮ್ಮದೂ ಇರುತ್ತೆ, ಕೆಳಗೆ. ಸಹಾಯ ಅಂತ."

ಇವರು ತಲೆ ಆಡಿಸಿದರು. ಹೂಂ ಅನ್ನುವ ಹಾಗೂ ಇರಲಿಲ್ಲ, ಊಹೂಂ ಅನ್ನುವ ಹಾಗೂ ಇರಲಿಲ್ಲ. ಸಹಾಯ ಎಂಬ ಆ ಪದದ ಕೆಳಗೆ ಇವರು ಮದ್ರಾಸಿನಲ್ಲಿ ಎಷ್ಟು ವರ್ಷ ಕಳೆದಿದ್ದರು!

ವ್ಯಾನು ಧೂಳೆಬ್ಬಿಸಿ ಹೋಯಿತು. ನಾವು ಆ ರಾತ್ರಿ ಊರಲ್ಲೇ ಉಳಿಯುವುದೆಂದಾಯಿತು. ಇವರು ಅಡುಗೆಮನೆಯ ಹೊಸಿಲ ಮೇಲೆ ಕೂತರು. ಕಂಬಳಿಗಳನ್ನು ಬಿಚ್ಚಿ ಅವರವರ ಮನೆಗೆ ಕಳಿಸಿದ್ದಾಗಿತ್ತು. ಗೋಡೆ ಪೂರ್ತಿ ಒಣಗಿ ಬೂದು, ಹಸಿರು, ಬಿಳಿಯ ತೇಪೆಗಳಾಗಿತ್ತು. ನಾನು ಪಕ್ಕದಲ್ಲಿ ಕೂತೆ. ಕೈ ಹಿಡಿಯೋಣವೆಂದರೆ ಅತ್ತೆ ಅಲ್ಲೇ ಒಲೆಯ ಮುಂದಿದ್ದರು. ಇವರು ಗೋಡೆಯನ್ನು ನೋಡುತ್ತಲೇ, "ಮುಖ ಬಂದಿರುತ್ತೆ ಅಂದ್ರಲ್ಲ. ಫಿಲ್ಮ್ ತೊಳೆದು ನೋಡೋಕ್ ಮುಂಚೇನೇ," ಅಂದರು. ಕಾನ್ವೆಂಟಿನಲ್ಲಿ ಎಲ್ಲದಕ್ಕೂ ಒಂದು ಪ್ರಾರ್ಥನೆ ಕಲಿಸಿದ್ದರು. ಇದಕ್ಕೆ ಯಾವುದೂ ನೆನಪಾಗಲಿಲ್ಲ.

ಅತ್ತೆ ಒಲೆಗೆ ಮಟ್ಟೆ ಹಾಕಿದರು. ತಟ್ಟೆಯಲ್ಲಿ ಒಂದು ಒಬ್ಬಟ್ಟು ತಂದು ಮಗನ ಮುಂದಿಟ್ಟರು. ಇವರು ಅದನ್ನು ಮುರಿದು ಒಂದು ಚೂರು ಬಾಯಿಗೆ ಹಾಕಿಕೊಂಡರು. ಅಗಿಯಲಿಲ್ಲ. ಹಾಗೇ ಇಟ್ಟುಕೊಂಡು ಕೂತರು. ಅದನ್ನು ಕಂಡು ಅತ್ತೆ ಸೆರಗಿನಿಂದ ಮೂಗು ಒರೆಸಿಕೊಂಡು ಹಿತ್ತಿಲಿಗೆ ಹೋದರು.

ದೀಪ ಹಚ್ಚುವ ಹೊತ್ತಿಗೆ ಪಕ್ಕದ ಮನೆಯಾಕೆ ಹೆಪ್ಪಿಗೆ ಮಜ್ಜಿಗೆ ಕೇಳಿಕೊಂಡು ಬಂದರು. ಹೊಸಿಲ ಮೇಲಿದ್ದ ಇವರಿಂದ ದಾರಿ ಬಿಡಿಸಿಕೊಂಡು ಒಳಗೆ ಬಂದು, ಲೋಟ ಚಾಚಿ, ಗೋಡೆಯನ್ನು ಮೇಲಿಂದ ಕೆಳಗೆ ಒಮ್ಮೆ ನೋಡಿದರು. ನಾನು ಮಜ್ಜಿಗೆ ಬಗ್ಗಿಸುತ್ತಿದ್ದೆ.

"ಕಪ್ಪಗಾಗ್ಬೇಕು ಅಂತ ಇಷ್ಟೆಲ್ಲಾ ಪಾಡು ಪಟ್ರಂತಲ್ಲಾ," ಅಂದರು ಆಕೆ, ಲೋಟದ ಅಂಚು ಒರೆಸಿಕೊಳ್ಳುತ್ತಾ. "ಅದಕ್ಯಾಕವ್ವ ಸೆಗಣಿ ಬಳೀಬೇಕಿತ್ತು? ಒಂದೈದಾರು ವರ್ಷ ಒಲೆ ಉರಿಸಿದ್ರೆ ತಾನಾಗೇ ಕಪ್ಪಾಯ್ತದೆ ಬುಡಿ."